ಉಗುರುಬೆಚ್ಚಗೆ

ಲಕ್ಷ್ಮೀ ರೋಡಿನ ಅಂಗಡಿಯ ಶಟರಿಗೆ
ನನ್ನ ಮೇಲೆ ಹಗೆಯೇನಿರಲಿಲ್ಲ.
ಹತ್ತೊಂಬತ್ತು ವರ್ಷ ಬೆಳಿಗ್ಗೆ ಎತ್ತಿದ್ದೇನೆ, ರಾತ್ರಿ ಇಳಿಸಿದ್ದೇನೆ.
ಅವತ್ತು ಅದಕ್ಕೆ ಸ್ವಲ್ಪ ಅವಸರ,
ನಾನು ಸ್ವಲ್ಪ ನಿಧಾನ,
ನಡುವೆ ಎಡಗೈಯ ತೋರುಬೆರಳು.

ಉಗುರು ಮೊದಲು ನೇರಳೆಹಣ್ಣು, ಆಮೇಲೆ ಇದ್ದಿಲು.
ಒಂಬತ್ತನೆಯ ದಿನ ಅಂಗಿಯ ಗುಂಡಿ ಹಾಕುವಾಗ
ಒಂದು ಕಡೆಯಿಂದ ಎದ್ದು ನಿಂತಿತು,
ಯಾರೋ ಒಳಗಿಂದ ಕದ ದೂಡಿದ ಹಾಗೆ.

ಎಳೆಯಬೇಡಿ, ಎಂದರು ಸಿಸ್ಟರ್ ಥೋರಾತ್,
ಸದಾಶಿವ ಪೇಠೆಯ ದವಾಖಾನೆಯಲ್ಲಿ,
ಕನ್ನಡಕವನ್ನು ಹಣೆಗೇರಿಸಿ.
ಸಡಿಲಾದಷ್ಟನ್ನೇ ಕತ್ತರಿಸಿದರು. ಉಳಿದದ್ದು ತಾನಾಗಿ ಬಿಡಲಿ.
ಉಗುರಲ್ಲಿ ಹೋಗುವುದಕ್ಕೆ ಕೊಡಲಿ ಯಾಕೆ ಅಂತಾರಲ್ಲ,
ಉಗುರೇ ಹೋಗುವಾಗ ಏನು ಹಿಡಿಯಬೇಕೆಂದು
ಯಾವ ಗಾದೆಯೂ ಹೇಳಿಲ್ಲ.

ವ್ಯಾಸಲೀನು, ಅಂಟದಂಥ ಜಾಳಿಬಟ್ಟೆ, ಮೇಲೆ ಸಡಿಲವಾಗಿ ಪಟ್ಟಿ.
ಪಟ್ಟಿ ಅಂಟಿಕೊಂಡರೆ ನೆನೆಸಿ ಬಿಡಿಸಿ, ಕೀಳಬೇಡಿ.
ಕೀವು ಕಂಡರೆ, ಕೆಂಪು ಬೆರಳು ದಾಟಿ ಹತ್ತಿದರೆ,
ಅಂಗಡಿಗೆ ರಜೆ ಇಲ್ಲ ಅನ್ನದೆ ಬನ್ನಿ.
ದಿನಾ ಒಂದು ಸಲ ಕೋಮಟ್ ಪಾಣಿಯಲ್ಲಿ ತೊಳೆಯಿರಿ.

ಕೋಮಟ್.
ರಿಕ್ಷಾದಲ್ಲಿ ಕೂತು ಅದನ್ನು ಕನ್ನಡಕ್ಕೆ ತಂದೆ:
ಉಗುರುಬೆಚ್ಚಗಿನ ನೀರು.
ನಗು ಬಂತು. ರಿಕ್ಷಾದವನು ಕನ್ನಡಿಯಲ್ಲಿ ನೋಡಿದ.

ಧನಕವಡಿಯ ಒಂದೂವರೆ ಕೋಣೆಯಲ್ಲಿ ಸ್ಟೀಲಿನ ಬಟ್ಟಲು.
ಮಹಾನಂದಾ ಪಾತ್ರೆಯಿಂದ ನೀರು ಬಗ್ಗಿಸಿದಳು,
ಬನಶ್ರೀ ಬೆರಳದ್ದಿದಳು, ನಾಲ್ಕನೆಯ ಇಯತ್ತೆ.
ಹಂಗಲ್ಲ, ಎಂದೆ, ಉಗುರಷ್ಟೇ ತಾಕಿಸಿ ನೋಡಬೇಕು,
ನಮ್ಮ ಭಾಷೆಯೊಳಗ ಉಗುರು ಹೇಳತದ ಎಷ್ಟು ಬಿಸಿ ಅಂತ.
ಉಗುರಿಗೇನು ತಿಳೀತದ ಪಪ್ಪಾ, ಅದಕ್ಕ ಜೀವಾನ ಇಲ್ಲ.

ಪಟ್ಟಿ ಬಿಚ್ಚಿದೆ.
ಉಗುರಿದ್ದ ಜಾಗ ತೊಂಡೆಹಣ್ಣಿನ ಒಳಗಿನಂತೆ ಮಿನುಗಿತು.
ನೀರು ಮುಟ್ಟುವ ಮುಂಚೆ ಅದರ ಹಬೆಯೇ ಮುಟ್ಟಿತು.
ಆ ಜೀವವಿಲ್ಲದ ಚಿಪ್ಪು ಇಷ್ಟು ವರ್ಷ
ಏನೇನನ್ನು ನನಗೆ ತಿಳಿಯಗೊಟ್ಟಿರಲಿಲ್ಲವೋ.

ಬಿದ್ದ ಚೂರು ಕಾಗದದ ಪೊಟ್ಟಣದಲ್ಲಿತ್ತು, ಎಸೆಯಲು ಮನಸ್ಸಾಗದೆ.
ಮೇ ತಿಂಗಳ ಮತದಾನದ ಮಸಿ ಅದರ ಮೇಲೆ ಇನ್ನೂ ಗಟ್ಟಿ.
ಮೂರು ವರ್ಷ ಕಚೇರಿಗೆ ಅಲೆದ ಮೇಲೆ
ಈ ಊರಿನ ಪಟ್ಟಿಯಲ್ಲಿ ಹೆಸರು ಬಂದಿತ್ತು.
ಯಾರಿಗೂ ತೋರಿಸದಿದ್ದರೂ
ಬಸ್ಸಿನ ಕಂಬಿ ಹಿಡಿದಾಗ ನಾನು ನೋಡಿಕೊಳ್ಳುತ್ತಿದ್ದೆ.

ಅಂಗಡಿಯಲ್ಲಿ ಮದುವೆಗಳ ಕೊನೆಯ ಗದ್ದಲ.
ಬಲಗೈ ಬಿಚ್ಚುತ್ತದೆ, ಎಡಗೈ ಹಾಸುತ್ತದೆ;
ಪೈಠಣಿಯ ಜರಿ ಪಟ್ಟಿಯೊಳಗೂ ಬಂದು ಚುಚ್ಚುತ್ತದೆ.
ಗುಳೇದಗುಡ್ಡದಲ್ಲಿ ಅಪ್ಪ ಬಟ್ಟೆಯ ಮೇಲೆ ಉಗುರೆಳೆದು
ಸದ್ದು ಕೇಳಿಯೇ ಹೇಳುತ್ತಿದ್ದ, ಇದು ಕೈಮಗ್ಗ, ಇದು ಮಿಲ್ಲು.
ನಾನೀಗ ಬೆಲೆಚೀಟಿ ನೋಡಿ ಹೇಳುತ್ತೇನೆ.

ಗಣಪತಿ ಬಂದು ಹೋದ.
ಬುಡದಲ್ಲಿ ಬೆಳ್ಳುಳ್ಳಿ ಸಿಪ್ಪೆಯಂಥದೊಂದು ಇಣುಕಿತು,
ಮಸಿಯಿಲ್ಲ, ಹೊಳಪಿಲ್ಲ,
ಅಡ್ಡಕ್ಕೊಂದು ಏಣು, ನೇಯುವವನು ಎದ್ದು ಹೋಗಿ
ಮತ್ತೆ ಬಂದು ಕೂತ ಕಡೆ ಬೀಳುವ ಪಟ್ಟೆಯಂತೆ.
ಬನಶ್ರೀ ತನ್ನ ಅಳತೆಪಟ್ಟಿ ಹಿಡಿದು ಪ್ರತಿ ರವಿವಾರ
ಇಲ್ಲ, ಅಷ್ಟೇ ಅದ, ಎನ್ನುತ್ತಿದ್ದಳು.

ದೀಪಾವಳಿಗೆ ಎರಡು ದಿನ.
ಎಂಟು ಸಾವಿರದ ಸೆರಗು ಹರವುತ್ತಿದ್ದೆ,
ಹೊಸ ಉಗುರಿನ ಒರಟು ಅಂಚಿಗೆ
ರೇಷ್ಮೆಯ ಒಂದು ಎಳೆ ಸಿಕ್ಕಿತು.
ಗಿರಾಕಿ ಕಾಣಲಿಲ್ಲ. ಗಲ್ಲಾದಿಂದ ಮಾಲಕರು ಕಂಡರು.

ಎಳೆಯಲಿಲ್ಲ ನಾನು.
ಬೆರಳನ್ನು ಬಂದ ದಾರಿಯಲ್ಲೇ ಹಿಂದಕ್ಕೆ ತಂದೆ,
ಎದ್ದ ಎಳೆಯನ್ನು ಅದರ ಸಾಲಿಗೆ ತೀಡಿ ಕೂರಿಸಿದೆ,
ಆ ಉಗುರಿನಿಂದಲೇ.
ಬೇರೆ ಬಣ್ಣದಲ್ಲಿ ಇದೆಯೇ, ಎಂದಳು ಆಕೆ.